ಆರು ಅಡಿ ಅಗಲದ ಲ್ಯಾಟೆಕ್ಸ್ ಹಾಸಿಗೆಯನ್ನು ಛೋಟಾ ಹಾಥಿಯಲ್ಲಿ ಡೊಂಬಿವಲಿಯಿಂದ ಚಿಂಚವಾಡಕ್ಕೆ ಒಯ್ಯುವುದು ಹೇಗೆ?

ಪ್ರಶ್ನೆ: ಕರಾವಳಿ_ಡೊಂಬಿವಲಿ

ಎಲ್ಲರಿಗೂ ನಮಸ್ಕಾರ. ನಾವು ಬರುವ ಜುಲೈ ತಿಂಗಳಲ್ಲಿ ಡೊಂಬಿವಲಿ ಪೂರ್ವದ ಬಾಡಿಗೆ ಮನೆಯನ್ನು ಬಿಟ್ಟು ಪುಣೆಯ ಚಿಂಚವಾಡಕ್ಕೆ ಹೋಗುವವರಿದ್ದೇವೆ. ಸಾಮಾನುಗಳಲ್ಲಿ ಹೆಚ್ಚಿನವನ್ನು ಇಲ್ಲಿಯೇ ಕೊಟ್ಟು, ಉಳಿದವನ್ನು ಒಂದು ಛೋಟಾ ಹಾಥಿಯಲ್ಲಿ, ಅಂದರೆ ಟಾಟಾ ಏಸ್ ಟೆಂಪೊದಲ್ಲಿ, ಒಯ್ಯುವುದೆಂದು ತೀರ್ಮಾನಿಸಿ ಟೆಂಪೊ ಮಾಲೀಕರೊಂದಿಗೆ ಮಾತನಾಡಿದ್ದೇನೆ. ಒಂದು ಉಕ್ಕಿನ ಕಪಾಟು, ಬಟ್ಟೆ ಒಗೆಯುವ ಯಂತ್ರ, ಬಿಚ್ಚಿದ ಮಂಚದ ಹಲಗೆಗಳು, ಅಡುಗೆಮನೆಯ ಡಬ್ಬಗಳು ಮತ್ತು ಕೆಲವು ಪುಸ್ತಕದ ಪೆಟ್ಟಿಗೆಗಳು ಅದರಲ್ಲಿ ಹಿಡಿಸುತ್ತವೆ ಎಂಬುದರಲ್ಲಿ ಸಂದೇಹವಿಲ್ಲ. ನನ್ನ ಚಿಂತೆಯೆಲ್ಲ ಹಾಸಿಗೆಯದು.

ಅದು 78 ಇಂಚು ಉದ್ದ, 72 ಇಂಚು ಅಗಲ, 8 ಇಂಚು ದಪ್ಪದ ನೈಸರ್ಗಿಕ ಲ್ಯಾಟೆಕ್ಸ್ ಹಾಸಿಗೆ. ಅಮ್ಮನಿಗೆ ಸೊಂಟದ ಡಿಸ್ಕಿನ ತೊಂದರೆಯಿದೆ. ವೈದ್ಯರ ಸಲಹೆಯ ಮೇಲೆ ಇದನ್ನು ಕೊಂಡ ನಂತರವೇ ಅವರು ರಾತ್ರಿಯಿಡೀ ನಿದ್ರೆ ಮಾಡುವಂತಾಗಿದೆ. ಆದುದರಿಂದ ಇದನ್ನು ಮಾರಿ ಅಲ್ಲಿ ಬೇರೆ ಕೊಳ್ಳುವ ವಿಚಾರ ನನ್ನ ಮನಸ್ಸಿನಲ್ಲಿಲ್ಲ. ಟೆಂಪೊ ಮಾಲೀಕರು, ಹಾಸಿಗೆಯನ್ನು ಎರಡಾಗಿ ಮಡಚಿ ಹಗ್ಗದಿಂದ ಬಿಗಿದುಬಿಡೋಣ, ಇಲ್ಲವೇ ಎಲ್ಲ ಸಾಮಾನುಗಳ ಮೇಲೆ ಅಡ್ಡಲಾಗಿ ಹಾಸಿ ಕಟ್ಟೋಣ ಎನ್ನುತ್ತಾರೆ. ನೆರೆಮನೆಯವರು ನಿಲ್ಲಿಸಿಯೇ ಒಯ್ಯಬೇಕು ಎನ್ನುತ್ತಾರೆ. ಮಳೆಗಾಲ, ಮುಂಬಯಿ-ಪುಣೆ ಎಕ್ಸ್‌ಪ್ರೆಸ್‌ವೇಯ ಗಾಳಿ, ಖಂಡಾಳದ ಘಾಟ್, ಇವೆಲ್ಲವನ್ನೂ ನೆನೆದಾಗ ಯಾವ ಸಲಹೆಯನ್ನು ನಂಬಬೇಕೆಂದು ತಿಳಿಯುತ್ತಿಲ್ಲ. ನಮ್ಮದು ಲಿಫ್ಟ್ ಇಲ್ಲದ ಹಳೆಯ ಕಟ್ಟಡ, ಮೂರನೆಯ ಮಹಡಿ. ಅನುಭವವುಳ್ಳವರು ದಯವಿಟ್ಟು ವಿವರವಾಗಿ ತಿಳಿಸಬೇಕು.

ಉತ್ತರ: ವಿಜಯಪುರದವ_ಭೋಸರಿ

ಅಕ್ಕಾ, ನಮಸ್ಕಾರ. ನಾನು ಭೋಸರಿಯಲ್ಲಿ ಟೆಂಪೊ ನಡೆಸುವವನು. ಮನೆ ಸಾಮಾನು ಸಾಗಿಸುವುದೇ ನನ್ನ ಕೆಲಸ. ಮೊದಲು ಅಳತೆಯಿಂದ ಆರಂಭಿಸೋಣ, ಏಕೆಂದರೆ ಟೆಂಪೊ ಗೊತ್ತುಮಾಡುವವರು ಸಾಮಾನ್ಯವಾಗಿ ತೂಕದ ಬಗ್ಗೆ ಕೇಳುತ್ತಾರೆಯೇ ಹೊರತು ಅಗಲದ ಬಗ್ಗೆ ಕೇಳುವುದಿಲ್ಲ.

ಟಾಟಾ ಏಸ್ ಗೋಲ್ಡ್ ವಾಹನದ ಸರಕಿನ ತೊಟ್ಟಿ 2200 ಮಿ.ಮೀ. ಉದ್ದ, 1490 ಮಿ.ಮೀ. ಅಗಲ, ಪಕ್ಕದ ಹಲಗೆ 300 ಮಿ.ಮೀ. ಎತ್ತರ. ನಿಮ್ಮ ಗಾದಿಯ 78 ಇಂಚು ಎಂದರೆ 1981 ಮಿ.ಮೀ. ಉದ್ದಕ್ಕೆ ತೊಂದರೆಯಿಲ್ಲ, ಹಿಂಬಾಗಿಲನ್ನೂ ಮುಚ್ಚಬಹುದು. 72 ಇಂಚಿನ ಅಗಲ ಮಾತ್ರ 1829 ಮಿ.ಮೀ. ಆಗುತ್ತದೆ. ಅಂದರೆ ಸಮತಟ್ಟಾಗಿ ಹಾಸಿದರೆ ಒಂದು ಅಡಿಗಿಂತ ಹೆಚ್ಚು ಭಾಗ ತೊಟ್ಟಿಯ ಹೊರಗೆ ಚಾಚುತ್ತದೆ. ಎರಡೂ ಕಡೆಗೆ ಹಂಚಿದರೂ ಒಂದೊಂದು ಪಕ್ಕಕ್ಕೆ ಅರ್ಧ ಅಡಿಗೂ ಮೇಲೆ ಹೊರಗೆ ಬರುತ್ತದೆ. ಮೋಟಾರು ವಾಹನ ಕಾಯ್ದೆಗೆ 2019ರಲ್ಲಿ ತಂದ ತಿದ್ದುಪಡಿಯ ನಂತರ, ಸರಕು ವಾಹನದ ಪಕ್ಕದಿಂದ ಹೊರಗೆ ಚಾಚಿಕೊಂಡಿದ್ದರೆ 194ನೆಯ ಕಲಮಿನ (1ಎ) ಉಪಕಲಮಿನಂತೆ 20,000 ರೂಪಾಯಿ ದಂಡವಿದೆ, ಮತ್ತು ಚಾಚಿದ ಸರಕನ್ನು ಅಲ್ಲಿಯೇ ಇಳಿಸುವ ಖರ್ಚನ್ನೂ ನಾವೇ ಭರಿಸಬೇಕು. ದಂಡ ಬಿದ್ದಾಗ ಚಾಲಕ ನಿಮ್ಮತ್ತ ನೋಡುತ್ತಾನೆ, ನೀವು ಚಾಲಕನತ್ತ ನೋಡುತ್ತೀರಿ. ಆದುದರಿಂದ ಎಲ್ಲದರ ಮೇಲೆ ಅಡ್ಡಲಾಗಿ ಹಾಸುವ ಮಾತನ್ನು ಈಗಲೇ ಬಿಟ್ಟುಬಿಡಿ.

ಒಂದು ಅಂಚನ್ನು ತೊಟ್ಟಿಯ ಬಲಮೂಲೆಯಲ್ಲಿಟ್ಟು ಇನ್ನೊಂದು ಅಂಚನ್ನು ಎಡಪಕ್ಕಕ್ಕೆ ಓರೆಯಾಗಿ ಒರಗಿಸುವವರಿದ್ದಾರೆ. ಹಾಗೆ ಮಾಡಿದರೆ ಎತ್ತಿದ ಅಂಚು ತೊಟ್ಟಿಯ ನೆಲದಿಂದ ಸುಮಾರು ಮೂರೂವರೆ ಅಡಿ ಮೇಲೆ ಬರುತ್ತದೆ, ಯಾವ ಪಕ್ಕಕ್ಕೂ ಹೊರಚಾಚುವುದಿಲ್ಲ. ತೆಂಗಿನ ನಾರಿನ ಗಡುಸಾದ ಗಾದಿಗೆ ಇದು ಸರಿಹೋಗುತ್ತದೆ. ಲ್ಯಾಟೆಕ್ಸ್ ಬಳುಕುವ ವಸ್ತು. ಕೆಳಗೆ ಒತ್ತಾಗಿ ಪೆಟ್ಟಿಗೆಗಳನ್ನು ಜೋಡಿಸಿ ಇಳಿಜಾರು ಮಾಡದಿದ್ದರೆ ನಡುವೆ ಜೋತುಬಿದ್ದು, ದಾರಿಯುದ್ದಕ್ಕೂ ಕುಲುಕಿ, ಕೊನೆಗೆ ಜಾರಿ ಕೆಳಗೆ ಕೂರುತ್ತದೆ. ಜೊತೆಗೆ ಇಡೀ ತೊಟ್ಟಿಯನ್ನು ಆಕ್ರಮಿಸುವುದರಿಂದ ನಿಮ್ಮ ಕಪಾಟಿಗೆ ಜಾಗ ಉಳಿಯುವುದಿಲ್ಲ.

ನನ್ನ ಮಟ್ಟಿಗೆ ನಿಮ್ಮ ನೆರೆಮನೆಯವರ ಮಾತು ಸರಿ. ಗಾದಿಯನ್ನು ಅದರ ಉದ್ದದ ಅಂಚಿನ ಮೇಲೆ, ವಾಹನದ ಉದ್ದಕ್ಕೇ ನಿಲ್ಲಿಸಬೇಕು. ಒಂದು ಕಡೆ ಉಕ್ಕಿನ ಕಪಾಟಿನ ಬೆನ್ನು, ಇನ್ನೊಂದು ಕಡೆ ಮಂಚದ ಹಲಗೆಗಳು ಇದ್ದು, ನಡುವೆ ಗಾದಿ ಒತ್ತಾಗಿ ನಿಂತರೆ ಅದಕ್ಕೆ ಬಾಗಲು ಅವಕಾಶವೇ ಇರುವುದಿಲ್ಲ. ಹಗ್ಗ ಬಿಗಿಯಬೇಕಾದದ್ದು ಹಲಗೆ ಮತ್ತು ಕಪಾಟುಗಳಿಗೆ, ಗಾದಿಗಲ್ಲ. ಮೆತ್ತಗಿನ ವಸ್ತುವಿಗೆ ಎಷ್ಟು ಬಿಗಿದರೂ ಅದು ಸ್ವಲ್ಪ ಹೊತ್ತಿನಲ್ಲಿ ಕುಗ್ಗಿ ಹಗ್ಗ ಸಡಿಲವಾಗುತ್ತದೆ, ಹಗ್ಗ ಹಾದ ಜಾಗದಲ್ಲಿ ಗೆರೆಯೂ ಬೀಳುತ್ತದೆ.

ಇನ್ನೊಂದು ವಿಷಯ. ಸಾಧ್ಯವಿದ್ದರೆ ಛೋಟಾ ಹಾಥಿಯ ಬದಲು ಪಿಕಪ್ ಅಥವಾ ಟಾಟಾ 407ರಂಥ ದೊಡ್ಡ ವಾಹನವನ್ನು ವಿಚಾರಿಸಿ. ಪುಣೆಯಿಂದ ಭಿವಂಡಿಯ ಗೋದಾಮುಗಳಿಗೂ ನವಿ ಮುಂಬಯಿಗೂ ಸರಕು ತಂದ ವಾಹನಗಳು ಮರಳುವಾಗ ಖಾಲಿಯಾಗಿ ಹೊರಡುತ್ತವೆ. ರಿಟರ್ನ್ ಗಾಡಿ ಎಂದು ಕೇಳಿದರೆ ಯಾವ ಟೆಂಪೊ ಸ್ಟ್ಯಾಂಡಿನಲ್ಲೂ ತಿಳಿಯುತ್ತದೆ. ಹಾಗೆ ಸಿಕ್ಕ ದೊಡ್ಡ ವಾಹನದ ಬಾಡಿಗೆ ಎಷ್ಟೋ ಸಲ ಡೊಂಬಿವಲಿಯಿಂದ ಪ್ರತ್ಯೇಕವಾಗಿ ಗೊತ್ತುಮಾಡಿದ ಸಣ್ಣ ಟೆಂಪೊದಷ್ಟೇ ಆಗುತ್ತದೆ. ದಿನ ಮತ್ತು ಹೊತ್ತಿನ ವಿಷಯದಲ್ಲಿ ಮಾತ್ರ ನೀವು ಅವರ ಅನುಕೂಲಕ್ಕೆ ಹೊಂದಿಕೊಳ್ಳಬೇಕು. ಮೂರು ಚಕ್ರದ ಟೆಂಪೊವನ್ನು ಯಾರಾದರೂ ಅಗ್ಗವೆಂದು ಹೇಳಿದರೆ ಒಪ್ಪಬೇಡಿ, ಎಕ್ಸ್‌ಪ್ರೆಸ್‌ವೇಯಲ್ಲಿ ಮೂರು ಚಕ್ರದ ವಾಹನಗಳಿಗೆ ಪ್ರವೇಶವಿಲ್ಲ.

ಉತ್ತರ: ಮುಲುಂಡ್_ಇಂಜಿನಿಯರ್

ಮೇಲಿನ ಉತ್ತರವನ್ನು ಪೂರ್ತಿಯಾಗಿ ಒಪ್ಪುತ್ತೇನೆ. ಹಾಸಿಗೆಯನ್ನು ಮೇಲೆ ಹಾಸಬಾರದು ಎಂಬುದಕ್ಕೆ ದಂಡಕ್ಕಿಂತ ದೊಡ್ಡ ಕಾರಣವೊಂದಿದೆ. ಅದನ್ನು ಲೆಕ್ಕದಿಂದಲೇ ತೋರಿಸುವುದು ಒಳ್ಳೆಯದು, ಏಕೆಂದರೆ ಹಾಸಿಗೆ ಭಾರವಾಗಿದೆ, ಹಾರುವುದಿಲ್ಲ ಎಂಬ ಧೈರ್ಯವೇ ಹೆದ್ದಾರಿಗಳಲ್ಲಿ ಅಪಘಾತಕ್ಕೆ ಕಾರಣವಾಗುತ್ತದೆ.

ನಿಮ್ಮ ಹಾಸಿಗೆಯ ಗಾತ್ರ ಸುಮಾರು 0.74 ಘನ ಮೀಟರು. ನೈಸರ್ಗಿಕ ಲ್ಯಾಟೆಕ್ಸಿನ ಸಾಂದ್ರತೆಯನ್ನು ಘನ ಮೀಟರಿಗೆ 80 ಕೆ.ಜಿ. ಎಂದು ಹಿಡಿದರೆ ತೂಕ ಸುಮಾರು 60 ಕೆ.ಜಿ. ಆಗುತ್ತದೆ. ಈಗ ಗಾಳಿಯನ್ನು ನೋಡೋಣ. ಗಂಟೆಗೆ 60 ಕಿ.ಮೀ. ವೇಗದಲ್ಲಿ ಎದುರು ಬರುವ ಗಾಳಿ ತನಗೆ ಅಡ್ಡ ನಿಂತ ಮೇಲ್ಮೈಯ ಪ್ರತಿ ಚದರ ಮೀಟರಿನ ಮೇಲೆ ಸುಮಾರು 17 ಕೆ.ಜಿ. ತೂಕದಷ್ಟು ಬಲದಿಂದ ಒತ್ತುತ್ತದೆ. ಹಾಸಿಗೆಯ ಮೇಲ್ಮೈ 3.6 ಚದರ ಮೀಟರು. ಗುಣಿಸಿದರೆ ಸರಿಸುಮಾರು 60 ಕೆ.ಜಿ., ಅಂದರೆ ಹಾಸಿಗೆಯ ಇಡೀ ತೂಕಕ್ಕೆ ಸಮ. ವೇಗ ಗಂಟೆಗೆ 80 ಕಿ.ಮೀ. ಆದಾಗ ಈ ಬಲ 110 ಕೆ.ಜಿ.ಯ ಹತ್ತಿರ ಬರುತ್ತದೆ, ಏಕೆಂದರೆ ಬಲವು ವೇಗದ ವರ್ಗಕ್ಕೆ ಅನುಗುಣವಾಗಿ ಏರುತ್ತದೆ. ಚಾಲಕ 60ರಲ್ಲೇ ಹೋದರೂ ಎದುರಿನಿಂದ ಗಂಟೆಗೆ 20 ಕಿ.ಮೀ. ವೇಗದ ಮಳೆಗಾಳಿ ಬೀಸಿದರೆ ಹಾಸಿಗೆಯ ಪಾಲಿಗೆ ಅದು 80ರ ವೇಗವೇ.

ಸಮತಟ್ಟಾಗಿ ಹಾಸಿದ ಹಾಸಿಗೆಗೆ ಈ ಪೂರ್ಣ ಬಲ ಒಮ್ಮೆಲೇ ತಾಗುವುದಿಲ್ಲ, ಗಾಳಿ ಮೇಲಿನಿಂದ ಸರಿದುಹೋಗುತ್ತದೆ ಎಂದು ಯಾರಾದರೂ ಹೇಳಬಹುದು. ಅದು ನಿಜ. ಹಾಸಿಗೆ ಚಾಲಕನ ಕ್ಯಾಬಿನ್ನಿನ ಮಾಡಿಗಿಂತ ಕೆಳಗಿದ್ದರೆ ಕ್ಯಾಬಿನ್ನೇ ಅದಕ್ಕೆ ಮರೆಯಾಗಿರುತ್ತದೆ. ಆದರೆ ಕಪಾಟು, ಯಂತ್ರಗಳ ಮೇಲೆ ಹಾಸಿದಾಗ ಹಾಸಿಗೆಯ ಮುಂದಿನ ಅಂಚು ಕ್ಯಾಬಿನ್ನಿಗಿಂತ ಎತ್ತರಕ್ಕೆ ಬಂದು ನೇರವಾಗಿ ಗಾಳಿಯ ಬಾಯಿಗೆ ಬೀಳುತ್ತದೆ. ಆ ಅಂಚು ಒಂದು ಗೇಣು ಮೇಲೆದ್ದರೆ ಸಾಕು, ಗಾಳಿ ಅಡಿಗೆ ನುಗ್ಗಿ ಇಡೀ ಹಾಸಿಗೆಯನ್ನು ಹಾಯಿಯಂತೆ ಉಬ್ಬಿಸುತ್ತದೆ. ಆಮೇಲೆ ಹಗ್ಗವೊಂದೇ ಗತಿ. ಟೆಂಪೊಗಳಲ್ಲಿ ಸಾಮಾನ್ಯವಾಗಿ ಇರುವ ನೈಲಾನ್ ಹಗ್ಗ ಎಳೆತಕ್ಕೆ ಹಿಗ್ಗುತ್ತದೆ, ನೆನೆದಾಗ ಇನ್ನಷ್ಟು ಹಿಗ್ಗುತ್ತದೆ. ಹಿಗ್ಗಿದ ಹಗ್ಗದ ಕೆಳಗೆ ಅಂಚು ಮತ್ತೆ ಮತ್ತೆ ಎದ್ದು ಬಿದ್ದು, ಒಂದು ಹಂತದಲ್ಲಿ ಗಂಟು ಜಾರುತ್ತದೆ. ಹಿಂದೆ ಬರುತ್ತಿರುವ ಬೈಕು ಸವಾರನನ್ನೋ ಕಾರಿನವರನ್ನೋ ನೆನೆದರೆ ಇದು ನಮ್ಮ ಸಾಮಾನಿನ ಪ್ರಶ್ನೆ ಮಾತ್ರವಲ್ಲ ಎಂಬುದು ತಿಳಿಯುತ್ತದೆ. ಎಕ್ಸ್‌ಪ್ರೆಸ್‌ವೇ ತಲುಪುವ ಮುಂಚಿನ ರಸ್ತೆಯಲ್ಲಿ, ಶಿಳ್‌ಫಾಟಾದಿಂದ ಕಳಂಬೋಲಿಯವರೆಗೆ, ದ್ವಿಚಕ್ರ ವಾಹನಗಳು ನಿಮ್ಮ ಟೆಂಪೊದ ಸುತ್ತಲೂ ಇರುತ್ತವೆ.

ಇದೇ ಹಾಸಿಗೆಯನ್ನು ವಾಹನದ ಉದ್ದಕ್ಕೆ ಅಂಚಿನ ಮೇಲೆ ನಿಲ್ಲಿಸಿದಾಗ ಎದುರುಗಾಳಿಗೆ ಕಾಣುವುದು 8 ಇಂಚು ದಪ್ಪದ, ಆರು ಅಡಿ ಎತ್ತರದ ಒಂದು ಪಟ್ಟಿ ಮಾತ್ರ. ಅದರ ಮೇಲೆ ಬೀಳುವ ಬಲ 60ರ ವೇಗದಲ್ಲಿ ಆರೇಳು ಕೆ.ಜಿ. ಅಷ್ಟೇ. ಆದರೆ ಆಗ ಪಕ್ಕದ ಗಾಳಿಯ ಚಿಂತೆ ಹುಟ್ಟುತ್ತದೆ. ಸುರಂಗದಿಂದ ಹೊರಬರುವಾಗ, ದೊಡ್ಡ ಟ್ರಕ್ಕೊಂದು ಪಕ್ಕದಲ್ಲಿ ಹಾದುಹೋಗುವಾಗ, ಘಾಟಿನ ತಿರುವುಗಳಲ್ಲಿ ಒಮ್ಮೆಲೇ ಅಡ್ಡಗಾಳಿ ಹೊಡೆಯುತ್ತದೆ. ಎರಡೂ ಕಡೆ ಗಟ್ಟಿಯಾದ ಆಧಾರ ಇರಲೇಬೇಕೆಂದು ಭೋಸರಿಯ ಅಣ್ಣನವರು ಹೇಳಿದ್ದು ಇದಕ್ಕಾಗಿಯೇ ಮಹತ್ವದ್ದು. ಕಪಾಟು 78 ಇಂಚಿನಷ್ಟು ಎತ್ತರವಿದ್ದರೆ ಹಾಸಿಗೆಯ 72 ಇಂಚಿನ ಎತ್ತರಕ್ಕೆ ಪೂರ್ಣ ಬೆನ್ನಾಸರೆ ದೊರೆಯುತ್ತದೆ. ಕ್ಯಾಬಿನ್ನಿನ ಹಿಂದೆ ರಸ್ತೆಗೆ ಅಡ್ಡವಾಗಿ ಮಾತ್ರ ಎಂದಿಗೂ ನಿಲ್ಲಿಸಬೇಡಿ. ಅಗಲವೂ ಹೊರಚಾಚುತ್ತದೆ, ಕ್ಯಾಬಿನ್ನಿನ ಮೇಲೆ ಎದ್ದ ಭಾಗ ಗಾಳಿಗೆ ಗೋಡೆಯಾಗುತ್ತದೆ.

ಹಗ್ಗದ ಬದಲು ಪಾಲಿಯೆಸ್ಟರಿನ ರ್ಯಾಚೆಟ್ ಬೆಲ್ಟುಗಳನ್ನು, ಅಂದರೆ ಹಿಡಿಕೆಯನ್ನು ಆಡಿಸಿ ಬಿಗಿಯುವ ಪಟ್ಟಿಗಳನ್ನು, ಕೊಂಡುಕೊಳ್ಳಿ. ಅವು ಹಿಗ್ಗುವುದು ಬಹಳ ಕಡಿಮೆ, ಬಿಗಿಯುವುದೂ ಸುಲಭ. ಕಟ್ಟಿದ ಮೊದಲ ಅರ್ಧ ಗಂಟೆಯಲ್ಲಿ ಸಾಮಾನುಗಳೆಲ್ಲ ಕುಲುಕಿ ತಮ್ಮ ತಮ್ಮ ಜಾಗದಲ್ಲಿ ಕೂರುವುದರಿಂದ ಎಲ್ಲ ಬೆಲ್ಟುಗಳೂ ಒಮ್ಮೆ ಸಡಿಲವಾಗುತ್ತವೆ. ಆದಕಾರಣ ಕಳಂಬೋಲಿಯಲ್ಲಿ ಎಕ್ಸ್‌ಪ್ರೆಸ್‌ವೇ ಹತ್ತುವ ಮುಂಚೆ ಒಮ್ಮೆ, ಘಾಟ್ ಏರುವ ಮುಂಚೆ ಖಾಲಾಪುರದ ಬಳಿ ವಾಹನ ನಿಲ್ಲಿಸಲು ಅವಕಾಶವಿರುವ ಜಾಗದಲ್ಲಿ ಇನ್ನೊಮ್ಮೆ ಬಿಗಿಯಬೇಕು. ಎಕ್ಸ್‌ಪ್ರೆಸ್‌ವೇಯ ಅಂಚಿನಲ್ಲಿ ಎಲ್ಲಿ ಬೇಕೆಂದರೆ ಅಲ್ಲಿ ನಿಲ್ಲುವಂತಿಲ್ಲ. ಹಾಗೆಯೇ, ಹಾಸಿಗೆಯನ್ನು ಹಿಡಿದುಕೊಳ್ಳಲೆಂದು ಯಾರನ್ನೂ ಹಿಂದೆ ಕೂರಿಸಬೇಡಿ. ಕೈಯಿಂದ ಹಿಡಿಯಬಹುದಾದ ಬಲವಲ್ಲ ಇದು, ಹಿಡಿದವನೇ ಅದರೊಡನೆ ಹೊರಗೆ ಬೀಳುತ್ತಾನೆ.

ಉತ್ತರ: ಥಾಣೆ_ಕನ್ನಡಿಗ

ಇಷ್ಟೆಲ್ಲ ಶ್ರಮಪಡುವ ಬದಲು ಇಲ್ಲಿಯೇ ಕೊಟ್ಟು ಅಲ್ಲಿ ಹೊಸದನ್ನು ತರಿಸುವುದು ಒಳ್ಳೆಯದಲ್ಲವೇ? ಈಗ ಹಾಸಿಗೆಗಳನ್ನು ಸುರುಳಿ ಸುತ್ತಿ ಪೆಟ್ಟಿಗೆಯಲ್ಲಿಟ್ಟು ಮನೆಬಾಗಿಲಿಗೇ ತಂದುಕೊಡುತ್ತಾರೆ.

ಉತ್ತರ: ಕೊಥ್ರುಡ್_ಗೃಹಿಣಿ

ಥಾಣೆಯ ಸಹೋದರರ ಸಲಹೆ ಸಾಮಾನ್ಯ ಫೋಮ್ ಹಾಸಿಗೆಗೆ ಒಪ್ಪುವಂಥದ್ದು. ಆದರೆ ಈ ಅಳತೆಯ ನೈಸರ್ಗಿಕ ಲ್ಯಾಟೆಕ್ಸ್ ಹಾಸಿಗೆಗೆ ಹಲವು ಹತ್ತು ಸಾವಿರ ರೂಪಾಯಿ ಬೇಕು, ಹಳೆಯದಕ್ಕೆ ಬರುವ ಬೆಲೆ ಅತ್ಯಲ್ಪ. ಅದಕ್ಕಿಂತ ಮುಖ್ಯವಾಗಿ, ಬೆನ್ನುನೋವಿನ ರೋಗಿಗೆ ಒಗ್ಗಿದ ಹಾಸಿಗೆಯನ್ನು ಬದಲಿಸುವುದು ಹಣದ ಲೆಕ್ಕದಲ್ಲಿ ಮುಗಿಯುವ ಮಾತಲ್ಲ. ತಾಯಿಯವರು ಅದರ ಮೇಲೆ ನಿದ್ರಿಸುತ್ತಿದ್ದಾರೆ ಎಂದಾದರೆ ಅದನ್ನು ಜೋಪಾನವಾಗಿ ಒಯ್ಯಲೇಬೇಕು.

ನನ್ನ ಅತ್ತೆಯವರಿಗೂ ಇಂಥದೇ ಹಾಸಿಗೆಯಿರುವುದರಿಂದ ಲ್ಯಾಟೆಕ್ಸಿನ ಗುಣವನ್ನು ಸ್ವಲ್ಪ ವಿವರವಾಗಿ ಹೇಳುತ್ತೇನೆ. ತೆಂಗಿನ ನಾರಿನ ಹಾಸಿಗೆಯನ್ನು ಮಡಚಿದರೆ ಮಡಿಕೆಯಲ್ಲಿ ಬಿರಿಯುತ್ತದೆ. ಸ್ಪ್ರಿಂಗ್ ಹಾಸಿಗೆಯನ್ನು ಮಡಚಿದರೆ ಅಂಚಿನ ತಂತಿ ಸೊಟ್ಟಗಾಗಿ ಮತ್ತೆಂದೂ ನೇರವಾಗುವುದಿಲ್ಲ. ಲ್ಯಾಟೆಕ್ಸ್ ಬಾಗಿದರೆ ಮುರಿಯುವುದಿಲ್ಲ, ಆದರೆ ಹರಿಯುತ್ತದೆ. ಮೂಲೆಯನ್ನೋ ಅಂಚನ್ನೋ ಹಿಡಿದು ಇಬ್ಬರು ಎಳೆದರೆ 60 ಕೆ.ಜಿ.ಯ ಭಾರವೆಲ್ಲ ಆ ಒಂದು ಹಿಡಿಯ ಮೇಲೆ ಬಿದ್ದು ಒಳಗೇ ಸೀಳು ಬಿಡುತ್ತದೆ. ಹೊದಿಕೆಯೊಳಗೆ ಆದ ಸೀಳು ಹೊರಗೆ ಕಾಣುವುದಿಲ್ಲ, ತಿಂಗಳುಗಳ ಮೇಲೆ ತಗ್ಗಾಗಿ ತೋರುತ್ತದೆ. ಹೊದಿಕೆಗೆ ಹೊಲಿದ ಹಿಡಿಕೆಗಳು ಹಾಸಿಗೆಯನ್ನು ಮಂಚದ ಮೇಲೆ ಅತ್ತಿತ್ತ ಸರಿಸಲು ಇರುವಂಥವು, ಎತ್ತಿ ಹೊರಲು ಅಲ್ಲ. ಟೆಂಪೊ ಮಾಲೀಕರು ಹೇಳಿದಂತೆ ಎರಡಾಗಿ ಮಡಚಿ ಸಣ್ಣ ಹಗ್ಗದಿಂದ ಬಿಗಿಯುವುದು ಇದೇ ಕಾರಣಕ್ಕೆ ಬೇಡ. ಮಡಿಕೆಯ ಹೊರಮೈ ಮಿತಿಮೀರಿ ಹಿಗ್ಗುತ್ತದೆ, ಹಗ್ಗ ಒಳಮೈಯನ್ನು ಕೊರೆಯುತ್ತದೆ.

ಈಗ ನೀವು ಮಾಡಬೇಕಾದ ಮೊದಲ ಕೆಲಸವೆಂದರೆ ಹೊದಿಕೆಯ ಜಿಪ್ಪನ್ನು ತೆರೆದು ಒಳಗೆ ನೋಡುವುದು. 8 ಇಂಚಿನ ಲ್ಯಾಟೆಕ್ಸ್ ಹಾಸಿಗೆಗಳು ಎಲ್ಲವೂ ಒಂದೇ ಅಚ್ಚಾಗಿರುವುದಿಲ್ಲ. ಕೆಲವನ್ನು ಗಡುಸಾದ ದಪ್ಪ ಪದರದ ಮೇಲೆ ಮೆದುವಾದ ತೆಳು ಪದರವನ್ನಿಟ್ಟು ಮಾಡಿರುತ್ತಾರೆ. ಪದರಗಳನ್ನು ಅಂಟಿಸಿರದಿದ್ದರೆ ನಿಮ್ಮ ಅರ್ಧ ಕಷ್ಟ ಅಲ್ಲಿಗೇ ತೀರಿತು, ಏಕೆಂದರೆ ಒಂದೊಂದನ್ನೇ ಬೇರೆಯಾಗಿ ಇಳಿಸಬಹುದು, ಸುರುಳಿಯನ್ನೂ ಸುತ್ತಬಹುದು. ಅಂಟಿಸಿದ್ದರೆ ಬಿಡಿಸಲು ಯತ್ನಿಸಬೇಡಿ.

ಮಳೆಯ ವಿಷಯ. ಲ್ಯಾಟೆಕ್ಸಿನ ಮೈತುಂಬ ಸೂಜಿಯಿಂದ ಮಾಡಿದಂಥ ರಂಧ್ರಗಳಿರುತ್ತವೆ. ನೀರು ಒಮ್ಮೆ ಒಳಗೆ ಇಳಿದರೆ ಎಂಟು ಇಂಚಿನ ದಪ್ಪ ಒಣಗಲು ಮಳೆಗಾಲದ ಹವೆಯಲ್ಲಿ ದಿನಗಟ್ಟಲೆ ಬೇಕಾಗುತ್ತದೆ. ಬಿಸಿಲಿಗೆ ಹಾಕೋಣವೆಂದರೆ ನೇರ ಬಿಸಿಲು ಲ್ಯಾಟೆಕ್ಸನ್ನು ಹಳದಿಗಟ್ಟಿಸಿ ಪುಡಿಪುಡಿ ಮಾಡುತ್ತದೆ. ಆದುದರಿಂದ ನೆನೆಯದಂತೆ ನೋಡಿಕೊಳ್ಳುವುದೊಂದೇ ಉಪಾಯ. ಮಳೆಗಾಲದಲ್ಲಿ ಮಾಡಿಗೆ ಹೊದಿಸಲೆಂದು ಮುಂಬಯಿಯ ಪೇಟೆಗಳಲ್ಲೆಲ್ಲ ದಪ್ಪ ಪ್ಲಾಸ್ಟಿಕ್ ಹಾಳೆ ಮೀಟರಿನ ಲೆಕ್ಕದಲ್ಲಿ ಸಿಗುತ್ತದೆ. ಮೊದಲು ಹಾಸಿಗೆಗೆ ಒಂದು ಹಳೆಯ ಹತ್ತಿಯ ಚಾದರ, ಅದರ ಮೇಲೆ ಈ ಪ್ಲಾಸ್ಟಿಕ್ಕಿನ ಹೊದಿಕೆ, ಸೇರುವಲ್ಲೆಲ್ಲ ಅಗಲವಾದ ಅಂಟುಪಟ್ಟಿ, ಎಲ್ಲ ಸಾಮಾನಿನ ಮೇಲೆ ಟೆಂಪೊದವರ ತಾಡಪತ್ರಿ. ಪ್ಲಾಸ್ಟಿಕ್ಕಿನ ತೆರೆದ ಬಾಯಿ ವಾಹನದ ಹಿಂಭಾಗಕ್ಕೆ ಇರಲಿ, ಮುಂದಕ್ಕಿದ್ದರೆ ಗಾಳಿ ತುಂಬಿಕೊಂಡು ಹರಿದುಬಿಡುತ್ತದೆ. ತೊಟ್ಟಿಯ ನೆಲದಲ್ಲಿ ನೀರು ನಿಲ್ಲುವುದರಿಂದ ಹಾಸಿಗೆ ನಿಲ್ಲುವ ಕಡೆ ಎರಡು ಮರದ ಪಟ್ಟಿಗಳನ್ನೋ ದಪ್ಪ ಥರ್ಮಾಕೋಲನ್ನೋ ಹಾಕಿರಬೇಕು. ಜನ ಮೇಲಿನಿಂದ ಬರುವ ಮಳೆಯನ್ನಷ್ಟೇ ಲೆಕ್ಕಿಸುತ್ತಾರೆ. ಹಾಸಿಗೆ ನೆನೆಯುವುದು ಹೆಚ್ಚಾಗಿ ಕೆಳಗಿನಿಂದ.

ಮೆಟ್ಟಿಲಿನ ಬಗ್ಗೆ ಕೂಡ ಯೋಚಿಸಬೇಕು. ಲಿಫ್ಟ್ ಇಲ್ಲದ ಹಳೆಯ ಕಟ್ಟಡಗಳಲ್ಲಿ ಮೆಟ್ಟಿಲಿನ ಅಗಲ ಕಡಿಮೆ, ತಿರುವಿನಲ್ಲಿ ಛಾವಣಿ ತಗ್ಗು. ಅಂಚಿನ ಮೇಲೆ ನಿಲ್ಲಿಸಿ, ಕೆಳಗಿನಿಂದ ಎರಡು ಗಟ್ಟಿ ಚಾದರಗಳನ್ನು ತೊಟ್ಟಿಲಿನ ಹಾಗೆ ಹಾಯಿಸಿ, ನಾಲ್ವರು ಹಿಡಿದು ಇಳಿಸಬೇಕು. ತಿರುವಿನಲ್ಲಿ ಬಾಗಿಸಬಹುದಾದದ್ದು ಲ್ಯಾಟೆಕ್ಸಿನ ಒಂದು ಅನುಕೂಲ. ಹಮಾಲರನ್ನು ಕರೆಯುವುದಾದರೆ ಮಹಡಿ ಮತ್ತು ಹಾಸಿಗೆಯ ತೂಕವನ್ನು ಮೊದಲೇ ತಿಳಿಸಿ ಕೂಲಿಯನ್ನು ನಿಶ್ಚಯಿಸಿಕೊಳ್ಳಿ. ಕೆಲಸದ ನಡುವೆ ಚೌಕಾಶಿ ನಡೆದರೆ ಅವರಿಗೂ ಅನ್ಯಾಯ, ಸಾಮಾನಿಗೂ ಅಪಾಯ.

ಕರಾವಳಿ_ಡೊಂಬಿವಲಿ

ಎಲ್ಲರ ಉತ್ತರಗಳನ್ನೂ ಅಮ್ಮನಿಗೆ ಓದಿ ಹೇಳಿದೆ. ಅಕ್ಕನವರು ಹೇಳಿದಂತೆ ಜಿಪ್ಪು ತೆರೆದು ನೋಡಿದಾಗ ಒಳಗೆ ಎರಡು ಪದರಗಳಿರುವುದು ಕಂಡಿತು. ಕೆಳಗಿನದು 6 ಇಂಚು, ಮೇಲಿನದು 2 ಇಂಚು. ನಡುವೆ ಅಂಟಿಲ್ಲ. ಹಾಗಾದರೆ ಎರಡನ್ನೂ ಸುರುಳಿ ಸುತ್ತಿ ಒಯ್ಯುವುದು ಉತ್ತಮವೋ, ಅಥವಾ ದಪ್ಪ ಪದರವನ್ನು ನಿಲ್ಲಿಸಿಯೇ ಒಯ್ಯಬೇಕೋ? ಸುರುಳಿಯಿಂದ ಬಿಡಿಸಿದ ಮೇಲೆ ಹಿಂದಿನ ಹಾಗೆಯೇ ಸಮತಟ್ಟಾಗುತ್ತದೆಯೇ? ರಿಟರ್ನ್ ಗಾಡಿಯನ್ನೂ ವಿಚಾರಿಸಿದ್ದೇನೆ, ಆದರೆ ಅವರು ಹೊರಡುವುದು ರಾತ್ರಿ ಹತ್ತರ ನಂತರ. ಅಮ್ಮನನ್ನು ಅಷ್ಟು ಹೊತ್ತು ಖಾಲಿ ಮನೆಯಲ್ಲಿ ಕೂರಿಸಲು ಮನಸ್ಸಿಲ್ಲದ ಕಾರಣ ಛೋಟಾ ಹಾಥಿಯನ್ನೇ ಉಳಿಸಿಕೊಂಡಿದ್ದೇನೆ.

ಉತ್ತರ: ಕೊಥ್ರುಡ್_ಗೃಹಿಣಿ

ಬಹಳ ಸಂತೋಷ. 2 ಇಂಚಿನ ಪದರವನ್ನು ಸುರುಳಿ ಸುತ್ತಿ. ಅದರ ತೂಕ ಸುಮಾರು 15 ಕೆ.ಜಿ., ಸುರುಳಿಯ ಅಡ್ಡಳತೆ ಒಂದೂಕಾಲು ಅಡಿಯ ಹತ್ತಿರ ಬರುತ್ತದೆ, ಒಬ್ಬರೇ ಹೆಗಲ ಮೇಲೆ ಇಳಿಸಬಹುದು. 6 ಇಂಚಿನದು ಸುಮಾರು 45 ಕೆ.ಜಿ. ಇರುತ್ತದೆ. ಅದನ್ನೂ ಸುತ್ತಬಹುದು, ಆದರೆ ಎರಡೂವರೆ ಅಡಿ ಅಡ್ಡಳತೆಯ ಸುರುಳಿಯಾಗಿ ಮೆಟ್ಟಿಲಿನ ತಿರುವಿನಲ್ಲಿ ಸಿಕ್ಕಿಕೊಳ್ಳುತ್ತದೆ, ಸುತ್ತಿ ಹಿಡಿಯಲು ಬಹಳ ಬಲವೂ ಬೇಕು. ಆದುದರಿಂದ ಅದನ್ನು ಸುತ್ತದೆ, ನಿಲ್ಲಿಸಿಯೇ ಒಯ್ಯಿರಿ.

ಸುತ್ತಿದ ಪದರವನ್ನು ಹಗ್ಗದಿಂದ ಕಟ್ಟದೆ ಹಳೆಯ ಸೀರೆಯನ್ನು ಅಗಲವಾಗಿ ಮಡಚಿ ಕಟ್ಟಿ. ಅದೇ ದಿನ ಬಿಡಿಸಿದರೆ ಲ್ಯಾಟೆಕ್ಸ್ ತನ್ನ ಮೊದಲಿನ ಆಕಾರಕ್ಕೆ ಮರಳುತ್ತದೆ, ಅದು ಆ ವಸ್ತುವಿನ ಸ್ವಭಾವ. ಬೇರ್ಪಡಿಸುವ ಮುಂಚೆ ಎರಡೂ ಪದರಗಳ ತಲೆಯ ಕಡೆ ಬಟ್ಟೆಯ ಚೂರೊಂದನ್ನು ಪಿನ್ನಿನಿಂದಲ್ಲದೆ ಕಾಗದದ ಟೇಪಿನಿಂದ ಅಂಟಿಸಿ ಗುರುತು ಮಾಡಿಕೊಳ್ಳಿ, ಮೇಲ್ಮೈ ಯಾವುದೆಂಬುದನ್ನೂ ಬರೆದಿಡಿ. ಬಹುಕಾಲ ಬಳಸಿದ ಹಾಸಿಗೆ ಮಲಗುವವರ ಮೈಗೆ ತಕ್ಕಂತೆ ಒಂದಿಷ್ಟು ಒಗ್ಗಿರುತ್ತದೆ. ಪದರ ತಿರುಗುಮುರುಗಾದರೆ ತಾಯಿಯವರಿಗೆ ಮೊದಲ ರಾತ್ರಿಯೇ ವ್ಯತ್ಯಾಸ ತಿಳಿಯಬಹುದು.

ಉತ್ತರ: ವಿಜಯಪುರದವ_ಭೋಸರಿ

ಅಕ್ಕಾ, ಹಾಗಿದ್ದರೆ ಛೋಟಾ ಹಾಥಿಯಲ್ಲೇ ಸರಿಯಾಗಿ ಕೂರುತ್ತದೆ. ಏರಿಸುವ ಕ್ರಮವನ್ನು ಹೇಳುತ್ತೇನೆ, ನಿಮ್ಮ ಚಾಲಕರಿಗೂ ತೋರಿಸಿ. ಕಪಾಟನ್ನು ಬಲಪಕ್ಕಕ್ಕೆ, ಬೆನ್ನು ಒಳಗೆ ಮಾಡಿ, ಕ್ಯಾಬಿನ್ನಿಗೆ ತಾಗಿಸಿ ನಿಲ್ಲಿಸಲಿ. ಅದರ ಹಿಂದೆ, ಅದೇ ಸಾಲಿನಲ್ಲಿ, ಬಟ್ಟೆ ಒಗೆಯುವ ಯಂತ್ರ ಬರಲಿ. ಯಂತ್ರ ಕಪಾಟಿನಷ್ಟು ಎತ್ತರವಿರದ ಕಾರಣ ಆ ಸಾಲಿಗೆ ಒಳಗಿನಿಂದ ಮಂಚದ ಒಂದು ದೊಡ್ಡ ಹಲಗೆಯನ್ನು ಉದ್ದಕ್ಕೆ ನಿಲ್ಲಿಸಿ, ಆಮೇಲೆ ಗಾದಿಯ ದಪ್ಪ ಪದರ, ಅದರ ಇನ್ನೊಂದು ಮಗ್ಗುಲಿಗೆ ಎರಡನೆಯ ಹಲಗೆ. ಎರಡು ಹಲಗೆಗಳನ್ನೂ ಮೇಲೆ ಒಂದು, ನಡುವೆ ಒಂದು ಬೆಲ್ಟು ಹಾಕಿ ಕಪಾಟಿಗೆ ಸೇರಿಸಿ ಬಿಗಿಯಬೇಕು. ಎಡಪಕ್ಕದಲ್ಲಿ ಉಳಿದ ಜಾಗದಲ್ಲಿ ಪುಸ್ತಕದ ಪೆಟ್ಟಿಗೆಗಳು ಕೆಳಗೆ, ಡಬ್ಬಗಳು ಅದರ ಮೇಲೆ, ತೆಳು ಪದರದ ಸುರುಳಿ ಎಲ್ಲದರ ಮೇಲೆ, ತಾಡಪತ್ರಿಯ ಒಳಗೆ. ಕಪಾಟು ಒಂದು ಪಕ್ಕಕ್ಕಿರುವುದರಿಂದ ಪುಸ್ತಕದ ಭಾರ ಇನ್ನೊಂದು ಪಕ್ಕಕ್ಕೆ ಇರಲೇಬೇಕು, ಇಲ್ಲದಿದ್ದರೆ ಘಾಟಿನ ತಿರುವುಗಳಲ್ಲಿ ವಾಹನ ಒಂದೇ ಕಡೆಗೆ ವಾಲುತ್ತದೆ.

ನಿಂತ ಗಾದಿಯ ತಲೆ ರಸ್ತೆಯ ಮಟ್ಟದಿಂದ ಎಂಟು ಅಡಿಗೂ ಮೇಲೆ ಬರುತ್ತದೆ, ಕಪಾಟು ಅದಕ್ಕಿಂತಲೂ ಎತ್ತರ. ಚಿಂಚವಾಡದ ಹೊಸ ಸೊಸೈಟಿಗಳಲ್ಲಿ ಕಟ್ಟಡದ ಅಡಿಯ ಪಾರ್ಕಿಂಗ್ ಜಾಗ ಅಷ್ಟು ಎತ್ತರವಿರುವುದಿಲ್ಲ. ವಾಚ್‌ಮನ್ ಒಳಗೆ ಬಿಟ್ಟರೂ ಚಾಲಕರು ಅಂದಾಜಿನ ಮೇಲೆ ನುಗ್ಗಬಾರದು, ಹೊರಗಿನ ಅಂಗಳದಲ್ಲೇ ಇಳಿಸಲಿ. ಸೊಸೈಟಿಯ ಕಚೇರಿಗೆ ಇಂದೇ ಫೋನ್ ಮಾಡಿ, ಸಾಮಾನು ಏರಿಸಲು ಯಾವ ಹೊತ್ತಿಗೆ ಅನುಮತಿಯಿದೆ, ಯಾವ ಲಿಫ್ಟನ್ನು ಬಳಸಬೇಕು, ಅದರ ಒಳಗಿನ ಎತ್ತರ ಮತ್ತು ಓರೆ ಅಳತೆ ಎಷ್ಟು ಎಂಬುದನ್ನು ಕೇಳಿಟ್ಟುಕೊಳ್ಳಿ. ಲಿಫ್ಟಿನಲ್ಲಿ ಆರು ಇಂಚಿನ ಪದರ ನೆಟ್ಟಗೆ ಹಿಡಿಸದಿದ್ದರೆ ಬಾಗಿಸಿ ಒಯ್ಯಬಹುದು, ಆದರೆ ಆಗ ಪ್ಲಾಸ್ಟಿಕ್ಕನ್ನು ಕೆಳಗೇ ಬಿಚ್ಚಬೇಕಾಗುತ್ತದೆ, ಪ್ಲಾಸ್ಟಿಕ್ ಸಮೇತ ಅದು ಬಾಗುವುದಿಲ್ಲ.

ಉತ್ತರ: ಕೊಥ್ರುಡ್_ಗೃಹಿಣಿ

ಇಳಿಸುವಾಗ ಮೊದಲು ಮನೆಯೊಳಗೆ ಹೋಗಬೇಕಾದದ್ದು ಮಂಚದ ಹಲಗೆಗಳು. ಅದಕ್ಕೆ ಬೇಕಾದ ತಿರುಪು ಮತ್ತು ಸ್ಪ್ಯಾನರ್ ಯಾವುದೇ ಪೆಟ್ಟಿಗೆಗೆ ಸೇರದೆ ನಿಮ್ಮ ಕೈಚೀಲದಲ್ಲಿರಲಿ. ಮಂಚ ಜೋಡಣೆಯಾದ ಕೂಡಲೇ ಎರಡೂ ಪದರಗಳನ್ನು ಪ್ಲಾಸ್ಟಿಕ್ಕಿನಿಂದ ಬಿಡಿಸಿ, ಹೊದಿಕೆ ಹಾಕದೆ, ಫ್ಯಾನಿನ ಕೆಳಗೆ ಒಂದೆರಡು ಗಂಟೆ ಬಿಡಿ. ದಾರಿಯಲ್ಲಿ ಒಳಗೆ ಸೇರಿದ ತೇವ ಆರುತ್ತದೆ, ಸುರುಳಿಯ ಬಾಗೂ ಇಳಿಯುತ್ತದೆ. ನೀವು ಬೆಳಿಗ್ಗೆ ಬೇಗ ಹೊರಟರೆ ಮಧ್ಯಾಹ್ನದ ಊಟದ ಹೊತ್ತಿಗೆ ತಾಯಿಯವರು ಅದರ ಮೇಲೆ ಮಲಗಬಹುದು.